ಕಲ್ಲಿನೊಳಗಣ ನಕ್ಷತ್ರ

ಅಮೆರಿಕದ ಇಲಿನಾಯ್ ರಾಜ್ಯದಲ್ಲಿ ಮೇಜನ್ ಕ್ರೀಕ್ ಎಂಬ ಹೊಳೆಯುಂಟು. ಅದರ ಸುತ್ತಣ ಹಳೆಯ ಕಲ್ಲಿದ್ದಲ ಗಣಿಗಳ ಮಣ್ಣುಗುಡ್ಡೆಗಳಲ್ಲಿ ಕಬ್ಬಿಣದ ಅಂಶವುಳ್ಳ ಗುಂಡುಗಲ್ಲುಗಳು ದೊರೆಯುತ್ತವೆ. ಬಲ್ಲವರು ಅವನ್ನು ಸುತ್ತಿಗೆಯಿಂದ ಒಡೆಯಲು ಹೋಗುವುದಿಲ್ಲ. ಪೆಟ್ಟು ಓರೆಯಾದರೆ ಒಳಗಿನದು ಚೂರಾದೀತು. ನೀರಿನಲ್ಲಿ ನೆನೆಯಿಟ್ಟು, ಹೆಪ್ಪುಗಟ್ಟಿಸಿ, ಕರಗಿಸಿ, ಮತ್ತೆ ಹೆಪ್ಪುಗಟ್ಟಿಸುತ್ತಾರೆ. ಹಲವು ಬಾರಿ ಹೀಗಾದ ಮೇಲೆ ಕಲ್ಲು ತಾನಾಗಿಯೇ ಎರಡು ಹೋಳಾಗುತ್ತದೆ. ಎಷ್ಟೋ ಕಲ್ಲುಗಳಲ್ಲಿ ಏನೂ ಇರುವುದಿಲ್ಲ. ಭಾಗ್ಯವಿದ್ದರೆ ಒಂದು ನಕ್ಷತ್ರ ಕಾಣುತ್ತದೆ.

ಅದು ಎಲೆಗಳ ಸುತ್ತು. ತೆಳುವಾದ ಕಡ್ಡಿಯ ಒಂದೊಂದು ಗೆಣ್ಣಿನಲ್ಲಿಯೂ ಕಿರಿದಾದ ಎಲೆಗಳು ಬಂಡಿಯ ಗಾಲಿಯ ಅರೆಕಾಲುಗಳಂತೆ ಹರಡಿಕೊಂಡಿವೆ. ಸುಮಾರು 31 ಕೋಟಿ ವರ್ಷಗಳ ಹಿಂದೆ ನದೀಮುಖದ ಜೌಗಿನಲ್ಲಿ ಉದುರಿದ ಈ ರೆಂಬೆ, ಕೊಳೆತು ಹೋಗುವ ಮುನ್ನವೇ ಕೆಸರಿನಲ್ಲಿ ಹುದುಗಿತು. ಅದರ ಸುತ್ತ ಕಬ್ಬಿಣದ ಖನಿಜ ಗಟ್ಟಿಯಾಗಿ ಕಟ್ಟಿಕೊಂಡಿತು.

ಈ ಎಲೆಗೆ ಆನ್ಯುಲೇರಿಯಾ ಎಂದು ಹೆಸರಿಟ್ಟವನು ಬೊಹೀಮಿಯದ ಕೌಂಟ್ ಸ್ಟರ್ನ್‌ಬರ್ಗ್. ಅದು 1820ರ ದಶಕದ ಮಾತು. ವಿಚಿತ್ರವೆಂದರೆ ಇದು ಗಿಡದ ಹೆಸರಲ್ಲ, ಬರಿಯ ಎಲೆಯ ಹೆಸರು. ಅದೇ ಮರದ ಕಾಂಡ ಬೇರೆಡೆ ದೊರೆಯಿತು. ಪೊಳ್ಳಾದ ಒಡಲೊಳಗೆ ಕೆಸರು ತುಂಬಿ ಕಲ್ಲಾಗಿ, ಗೆಣ್ಣು ಗೆಣ್ಣಾಗಿ, ನೋಡಲು ಬಿದಿರಿನಂತೆಯೇ ಇದ್ದ ಅದಕ್ಕೆ ಕ್ಯಾಲಮೈಟೀಸ್ ಎಂದರು. ಬೀಜಕಗಳ ತೆನೆಗೆ ಕ್ಯಾಲಮೋಸ್ಟ್ಯಾಕಿಸ್, ಬೇರಿಗೆ ಆಸ್ಟ್ರೊಮೈಲಾನ್. ಒಂದೇ ಮರಕ್ಕೆ ನಾಲ್ಕು ಹೆಸರು! ಪಂಡಿತರ ಹಠವೆಂದು ನಗುವಂತಿಲ್ಲ. ಮರ ಇಡಿಯಾಗಿ ಸಿಕ್ಕುವುದು ಬಲು ಅಪರೂಪ. ಸಿಕ್ಕುವುದು ಎಲೆಯೊಂದೆಡೆ, ಕಾಂಡವೊಂದೆಡೆ. ಎಲೆಯೂ ತೆನೆಯೂ ಒಂದೇ ರೆಂಬೆಗೆ ಅಂಟಿಕೊಂಡಿದ್ದ ತುಣುಕುಗಳು ದೊರೆತಾಗ ನಂಟು ಸ್ಪಷ್ಟವಾಯಿತು. ಆದರೂ ಇಂಥ ಎಲೆ ಇಂಥ ಕಾಂಡದ್ದೇ ಎಂದು ಎಲ್ಲ ಸಂದರ್ಭಗಳಲ್ಲಿಯೂ ಹೇಳಲಾಗದು. ಆದುದರಿಂದಲೇ ಹಳೆಯ ಹೆಸರುಗಳು ಇಂದಿಗೂ ಬಳಕೆಯಲ್ಲಿವೆ. ತಿಳಿದಷ್ಟನ್ನೇ ಹೇಳುವ ಈ ಸಂಕೋಚ ಮೆಚ್ಚತಕ್ಕದ್ದು.

ಆ ಮರಗಳು ಹತ್ತು ಮೀಟರಿಗೂ ಮಿಗಿಲಾಗಿ ಬೆಳೆಯುತ್ತಿದ್ದವು. ಅವುಗಳ ದಾಯಾದಿಗಳಲ್ಲಿ ಇಂದು ಉಳಿದಿರುವುದು ಕುದುರೆಬಾಲದ ಗಿಡದ ಒಂದೇ ಕುಲ. ನೀರಿನ ಅಂಚಿನಲ್ಲಿ ಬೆಳೆಯುವ ಈ ಗಿಡಗಳಲ್ಲಿ ಹೆಚ್ಚಿನವು ಮೊಣಕಾಲೆತ್ತರವೋ ಎದೆಯೆತ್ತರವೋ. ಎಲೆಗಳಂತೂ ಗೆಣ್ಣಿನ ಸುತ್ತ ಹಲ್ಲುಗಳಂತೆ ಕುಗ್ಗಿಹೋಗಿವೆ. ಬಿಸಿಲಿನಿಂದ ಆಹಾರ ತಯಾರಿಸುವ ಹೊರೆಯೆಲ್ಲ ಹಸುರು ಕಾಂಡದ್ದು. ನಕ್ಷತ್ರದಂತಹ ಎಲೆಯನ್ನು ಕಾಣಬೇಕಾದರೆ ಕಲ್ಲನ್ನೇ ಬಿಡಿಸಬೇಕು.

ಅಂತಹ ಕಲ್ಲುಗಳಿಗೆ ಹೆಸರಾದ 11ನೆಯ ಗಣಿಯ ಒಂದು ಭಾಗ ಈಗ ಬ್ರೇಡ್‌ವುಡ್ ಪರಮಾಣು ವಿದ್ಯುತ್ ಸ್ಥಾವರಕ್ಕೆ ತಂಪುನೀರೊದಗಿಸುವ ಸರೋವರದಡಿ ಇದೆ. ಮುಳುಗದೆ ಉಳಿದ ಗುಡ್ಡೆಗಳಲ್ಲಿ ಜನರು ನಿಗದಿಯಾದ ತಿಂಗಳುಗಳಲ್ಲಿ ಇಂದಿಗೂ ಕಲ್ಲುಗಳನ್ನು ಆಯುತ್ತಾರೆ.