ಗುರಿಗೆ ಗಂಡು ಹೆಣ್ಣೆಂಬ ಭೇದವುಂಟೇ?

ದೇಹಬಲದಲ್ಲಿ ಪುರುಷನೇ ಮೇಲು, ಆದದರಿಂದ ಪಂದ್ಯದ ಕಣವೂ ಅವನದೇ ಎನ್ನುವವರು ಎಲ್ಲ ದೇಶಗಳಲ್ಲಿಯೂ ಉಂಟು. ಓಟದಲ್ಲಿ, ಭಾರವೆತ್ತುವದರಲ್ಲಿ ಈ ಮಾತಿಗೆ ಆಧಾರವಿರಬಹುದು. ಆದರೆ ತೋಳ್ಬಲವು ಹೆಚ್ಚಾಗಿ ಬೇಕಿಲ್ಲದ ಆಟದಲ್ಲಿಯೂ ಸ್ತ್ರೀಯರು ಹಿಂದೆ ಉಳಿದಿದ್ದರೆ ಅದಕ್ಕೆ ಕಾರಣವೇನು? ಇಂಗ್ಲಂಡಿನ ಫ್ಯಾಲನ್ ಶೆರಾಕ್ ಎಂಬಾಕೆಯ ವೃತ್ತಾಂತವು ಇದಕ್ಕೆ ಉತ್ತರ ಕೊಡುತ್ತದೆಂದು ನಮ್ಮ ಅಭಿಪ್ರಾಯ.

ಈಕೆಯ ಆಟವು ಡಾರ್ಟ್ಸ್. ದುಂಡು ಹಲಗೆಯಿಂದ 7 ಅಡಿ 9¼ ಅಂಗುಲ ದೂರದ ಗೆರೆಯ ಹಿಂದೆ ನಿಂತು, ಸರದಿಗೆ ಮೂರರಂತೆ ಕಿರುಬಾಣಗಳನ್ನು ಎಸೆಯಬೇಕು. ದೊರೆತ ಅಂಕಗಳನ್ನು 501ರಿಂದ ಕಳೆಯುತ್ತ ಬಂದು, ಕಡೆಯ ಬಾಣವನ್ನು ಅಂಕವು ಇಮ್ಮಡಿಯಾಗುವ ಕಿರಿದಾದ ಎಡೆಗೆ ನಾಟಿಸಿ ಸೊನ್ನೆಗೆ ಮುಟ್ಟಿಸಬೇಕು. ಇದಕ್ಕೆ ಬೇಕಾದವು ಅಲುಗದ ಕೈ, ನಿಚ್ಚಳವಾದ ದೃಷ್ಟಿ, ಕದಡದ ಮನಸ್ಸು, ತಪ್ಪದ ಬಾಯಿಲೆಕ್ಕ. ಗೆರೆಯಾದರೋ ಗಂಡಸರಿಗೂ ಹೆಂಗಸರಿಗೂ ಒಂದೇ. ಇದು ಪಾನಗೃಹಗಳಲ್ಲಿ ಬೆಳೆದ ಆಟವಲ್ಲವೇ ಎಂದು ನಮ್ಮ ವಾಚಕರಲ್ಲಿ ಕೆಲವರು ಹುಬ್ಬು ಗಂಟಿಕ್ಕಬಹುದು. ಅದು ನಿಜ, ಸ್ತ್ರೀಯರು ಬಹುಕಾಲ ಇದರಿಂದ ದೂರವಿದ್ದದ್ದಕ್ಕೆ ಅದೂ ಒಂದು ಕಾರಣವೆಂದು ನಮಗೆ ತೋರುತ್ತದೆ.

ಶೆರಾಕ್ ಹುಟ್ಟಿದ್ದು 1994ರಲ್ಲಿ, ಮಿಲ್ಟನ್ ಕೀನ್ಸ್ ಪಟ್ಟಣದಲ್ಲಿ. ಕೇಶಾಲಂಕಾರದ ಕಸುಬು ಮಾಡಿದವಳು. 2015ರಲ್ಲಿ ಸ್ತ್ರೀಯರ ವಿಶ್ವ ಪಂದ್ಯಾಟದ ಅಂತಿಮ ಸುತ್ತಿಗೆ ಬಂದು ಲೀಸಾ ಆಷ್ಟನ್ ಎಂಬಾಕೆಗೆ ಸೋತಳು. ಮಗನು ಹುಟ್ಟಿದ ಬಳಿಕ ಮೂತ್ರಪಿಂಡದ ವ್ಯಾಧಿಯು ಕಾಡಿತು. ಔಷಧದಿಂದ ಮುಖವು ಊದಿಕೊಂಡಾಗ ಗುರುತುಪರಿಚಯವಿಲ್ಲದವರು ಸಹ ಪರಿಹಾಸ್ಯ ಮಾಡಿದರು. ಆದರೂ ಆಕೆಯು ಆಟವನ್ನು ಕೈಬಿಡಲಿಲ್ಲ.

2019ರ ದಶಂಬರದಲ್ಲಿ ಲಂಡನ್ನಿನ ಅಲೆಕ್ಸಾಂಡ್ರಾ ಪ್ಯಾಲೇಸಿನಲ್ಲಿ, ಸ್ತ್ರೀಪುರುಷರೆಲ್ಲರೂ ಸೇರಿ ಆಡುವ ವಿಶ್ವ ಪಂದ್ಯಾಟವು ನಡೆಯಿತು. ಆಟಗಾರರು 96 ಮಂದಿ. ಅವರಲ್ಲಿ ಸ್ತ್ರೀಯರು ಇಬ್ಬರೇ. ಅಲ್ಲಿ ಅದುವರೆಗೆ ಯಾವ ಸ್ತ್ರೀಯೂ ಒಂದು ಪಂದ್ಯವನ್ನಾದರೂ ಗೆದ್ದಿರಲಿಲ್ಲ. 17ನೆಯ ತಾರೀಕಿನಂದು ಶೆರಾಕ್ ಟೆಡ್ ಎವೆಟ್ಸ್‌ನನ್ನು 3-2ರಿಂದ ಸೋಲಿಸಿದಳು. ನಾಲ್ಕು ದಿನಗಳ ತರುವಾಯ ಆಸ್ಟ್ರಿಯದ ನುರಿತ ಆಟಗಾರ ಮೆನ್ಸೂರ್ ಸುಲ್ಯೋವಿಚ್‌ನನ್ನೂ 3-1ರಿಂದ ಸೋಲಿಸಿದಳು. ಮೂರನೆಯ ಪಂದ್ಯದಲ್ಲಿ ಕ್ರಿಸ್ ಡೋಬಿ ಆಕೆಯನ್ನು ತಡೆದನು. 2021ರಲ್ಲಿ ಗ್ರ್ಯಾಂಡ್ ಸ್ಲ್ಯಾಮ್ ಎಂಬ ಪಂದ್ಯಾಟದಲ್ಲಿ, ಮೂರು ಬಾಣಗಳಿಂದ ಮುಗಿಸಬಹುದಾದ ಅತ್ಯಧಿಕ ಅಂಕವಾದ 170ನ್ನು ಮುಗಿಸಿ ಮುಂದಿನ ಸುತ್ತಿಗೆ ಏರಿದಳು; ಕಡೆಯ ಎಂಟು ಮಂದಿಯಲ್ಲಿ ಒಬ್ಬಳಾದಳು.

ಇವೆಲ್ಲವನ್ನು ಹಿಗ್ಗಿಸಿ ಹೇಳುವದು ನಮ್ಮ ಇಷ್ಟವಲ್ಲ. ಮುಂದಿನ ವರುಷಗಳ ವಿಶ್ವ ಪಂದ್ಯಾಟಗಳಲ್ಲಿ ಆಕೆಯು ಮೊದಲ ಸುತ್ತಿನಲ್ಲಿಯೇ ಸೋತದ್ದೂ ಉಂಟು. ಪುರುಷರಲ್ಲಿಯೂ ಎಷ್ಟೋ ಮಂದಿ ಹಾಗೆ ಸೋಲುತ್ತಾರೆ. ಆಗ ಪುರುಷಜಾತಿಯೇ ಅಸಮರ್ಥವೆಂದು ಯಾರೂ ಹೇಳುವದಿಲ್ಲವಷ್ಟೆ!

ಸ್ತ್ರೀಯರಿಗಾಗಿ ಎರಡು ಸ್ಥಾನಗಳನ್ನು ತೆಗೆದಿರಿಸಿದ್ದು ಬರಿಯ ದಾಕ್ಷಿಣ್ಯವೆಂದು ಆಕ್ಷೇಪಿಸುವವರುಂಟು. ನಾವು ಒಪ್ಪುವದಿಲ್ಲ. ಬಾಗಿಲು ತೆರೆದವರು ಆಕೆಯ ಪರವಾಗಿ ಬಾಣ ಎಸೆಯಲಿಲ್ಲ. ಆ ಸ್ಥಾನವನ್ನೂ ಆಕೆಯು ಬೇರೆ ಸ್ತ್ರೀಯರೊಡನೆ ಆಡಿ ಗೆದ್ದೇ ಪಡೆದಳು. ಬಾಗಿಲು ಮುಚ್ಚಿದ್ದರೆ ಆಕೆಯ ಸಾಮರ್ಥ್ಯವು ಲೋಕಕ್ಕೆ ಹೇಗೆ ತಿಳಿಯುತ್ತಿತ್ತು?

ತಾಯಿತಂದೆಗಳೇ, ಪೂರ್ವ ವಿದ್ಯಾರ್ಥಿನಿಯರೇ, ಗೆರೆಯು ಸಮನಾಗಿದ್ದರೆ ಸಾಲದು. ಅಭ್ಯಾಸಕ್ಕೆ ದೊರೆಯುವ ಗಳಿಗೆಗಳೂ ಸಮನಾಗಿರಬೇಕು. ಮಗನು ಸಾಯಂಕಾಲ ಬಯಲಿಗೆ ಹೋದರೆ ಆಟ, ಮಗಳು ಹೋದರೆ ಕಾಲಹರಣ ಎಂಬ ಎರಡು ಅಳತೆಗೋಲುಗಳು ನಮ್ಮ ಮನೆಗಳಲ್ಲಿ ಇನ್ನೂ ಉಂಟು. ನಿಮ್ಮ ಮಗಳು ಡಾರ್ಟ್ಸ್ ಆಡಬೇಕೆಂದು ನಾವು ಹೇಳುವದಿಲ್ಲ. ಆಕೆಯು ಯಾವ ಗುರಿಯನ್ನು ಆರಿಸಿಕೊಂಡರೂ ದಿನಕ್ಕೆ ಒಂದು ತಾಸನ್ನು, ಯಾರೂ ಕರೆದು ಕೆಲಸ ಹೇಳದ ಒಂದು ತಾಸನ್ನು, ಆಕೆಗೆ ಬಿಟ್ಟುಕೊಡಿರಿ ಎಂಬದಷ್ಟೇ ನಮ್ಮ ವಿಜ್ಞಾಪನೆ.