ಸ್ವಾಮಿ ನಟನೆ ಬಿಟ್ಟಿದ್ದು ತಪ್ಪಾ?

 

‘ಮಾಲ್ಗುಡಿ ಡೇಸ್’ ಧಾರಾವಾಹಿಯ ಸ್ವಾಮಿಯನ್ನು ನಮ್ಮ ಮನೆಗಳಲ್ಲಿ ದೊಡ್ಡವರು ಈಗಲೂ ನೆನೆಸಿಕೊಳ್ಳುತ್ತಾರೆ. ಆರ್.ಕೆ. ನಾರಾಯಣ್ ಅವರ ಕಥೆಗಳನ್ನು ಶಂಕರ್ ನಾಗ್ ಧಾರಾವಾಹಿ ಮಾಡಿದರು. ಅದು 1986ರಲ್ಲಿ ದೂರದರ್ಶನದಲ್ಲಿ ಬಂತು. ಶಿವಮೊಗ್ಗ ಜಿಲ್ಲೆಯ ಆಗುಂಬೆಯೇ ಅದರಲ್ಲಿ ಮಾಲ್ಗುಡಿ ಆಯಿತು. ಗಿರೀಶ್ ಕಾರ್ನಾಡರು ಸ್ವಾಮಿಯ ಅಪ್ಪ, ವೈಶಾಲಿ ಕಾಸರವಳ್ಳಿ ಅಮ್ಮ. ಸ್ವಾಮಿಯಾಗಿ ನಟಿಸಿದ್ದು ನಮ್ಮ ಬೆಂಗಳೂರಿನ ಹುಡುಗ ಮಾಸ್ಟರ್ ಮಂಜುನಾಥ್. ಆಗ ಅವರ ವಯಸ್ಸು ಹತ್ತರ ಆಸುಪಾಸು. ಇಡೀ ದೇಶವೇ ಅವರನ್ನು ಸ್ವಾಮಿ ಅಂತಲೇ ಕರೆಯಿತು.

ಮುಂದೆ ಅವರು 1990ರ ‘ಅಗ್ನಿಪಥ್’ ಹಿಂದಿ ಸಿನಿಮಾದಲ್ಲಿ ಅಮಿತಾಭ್ ಬಚ್ಚನ್ ಅವರ ಬಾಲ್ಯದ ಪಾತ್ರ ಮಾಡಿದರು. ಆಮೇಲೆ ಹತ್ತೊಂಬತ್ತರ ಸುಮಾರಿಗೆ ನಟನೆ ಬಿಟ್ಟು ಓದಿನ ಕಡೆ ಹೋದರು.

“ಅಯ್ಯೋ, ಮುಂದುವರಿದಿದ್ರೆ ದೊಡ್ಡ ಹೀರೋ ಆಗ್ತಿದ್ದ, ಸುಮ್ನೆ ಬಿಟ್ಬಿಟ್ಟ” ಅಂತ ತುಂಬಾ ಜನ ಹೇಳ್ತಾರೆ. ನಾನು ಇದನ್ನು ಒಪ್ಪುವುದಿಲ್ಲ.

ಯಾಕೆ ಅಂದರೆ, ಚಿಕ್ಕವರಿದ್ದಾಗ ಒಂದು ಕೆಲಸ ಚೆನ್ನಾಗಿ ಮಾಡಿದರೆ ಸಾಯುವ ತನಕ ಅದನ್ನೇ ಮಾಡಬೇಕು ಅಂತ ಎಲ್ಲಿದೆ? ನಮ್ಮ ಶಾಲೆಯಲ್ಲಿ ಕಬಡ್ಡಿ ಚೆನ್ನಾಗಿ ಆಡುವವನು ಡಾಕ್ಟರ್ ಆಗಬಾರದೇ? ನಟನೆ ನಿಂತಿತು ಅಂತ ಮಾಡಿದ ಕೆಲಸ ಅಳಿಸಿ ಹೋಗುವುದಿಲ್ಲ. ಅಷ್ಟು ವರ್ಷ ಕಳೆದರೂ ಸ್ವಾಮಿ ಈಗಲೂ ಪರೀಕ್ಷೆಗೆ ಹೆದರುತ್ತಾನೆ, ಮಣಿ ಮತ್ತು ರಾಜಮ್ ಜೊತೆ ಕ್ರಿಕೆಟ್ ಆಡುತ್ತಾನೆ. ಒಂದು ತಮಾಷೆ ನೋಡಿ. ಕಥೆಯ ಸ್ವಾಮಿ ಶಾಲೆ ಬಿಟ್ಟು ಓಡಿಹೋಗುತ್ತಾನೆ. ಆ ಪಾತ್ರ ಮಾಡಿದವರು ಓದುವುದಕ್ಕೆ ನಟನೆಯನ್ನೇ ಬಿಟ್ಟರು!

ಟೀವಿಯಲ್ಲಿ ಮಕ್ಕಳನ್ನು ನೋಡಿ ನಮಗೆಲ್ಲ ಆಸೆ ಆಗುತ್ತೆ, ನಿಜ. ಆದರೆ ಅದೂ ಒಂದು ದುಡಿಮೆಯೇ. ಒಂದೇ ಮಾತನ್ನು ಸರಿ ಬರುವವರೆಗೂ ಮತ್ತೆ ಮತ್ತೆ ಹೇಳಬೇಕು. ದೀಪದ ಬಿಸಿಯಲ್ಲಿ ಕಾಯಬೇಕು. ಅದಕ್ಕೇ ಸರ್ಕಾರ 2016ರಲ್ಲಿ ಬಾಲಕಾರ್ಮಿಕ ಕಾಯ್ದೆ ತಿದ್ದಿ, 2017ರಲ್ಲಿ ನಿಯಮ ಮಾಡಿತು. 14 ವರ್ಷದೊಳಗಿನ ಮಕ್ಕಳನ್ನು ದಿನಕ್ಕೆ 5 ಗಂಟೆಗಿಂತ ಹೆಚ್ಚು ದುಡಿಸಬಾರದು. ವಿಶ್ರಾಂತಿ ಕೊಡದೆ 3 ಗಂಟೆ ಮೀರಬಾರದು. ಓದು ನಿಲ್ಲಬಾರದು. ಮಗುವಿನ ಸಂಪಾದನೆಯಲ್ಲಿ ಕಡೇಪಕ್ಷ ನೂರಕ್ಕೆ 20 ಭಾಗವನ್ನು ಅದರ ಹೆಸರಲ್ಲೇ ಬ್ಯಾಂಕಿನಲ್ಲಿ ಇಡಬೇಕು. ಕಾನೂನು ಚೆನ್ನಾಗಿದೆ. ಆದರೆ ಸೆಟ್ಟಿನಲ್ಲಿ ಗಡಿಯಾರ ನೋಡುವವರು ದೊಡ್ಡವರೇ ಅಲ್ವಾ? “ನಂಗೆ ಸಾಕಾಯ್ತು” ಅಂತ ಮಗು ಹೇಳಿದರೆ ಕೇಳುವವರು ಅಲ್ಲಿ ಇರಬೇಕು. ನಂಗೆ ಮುಖ್ಯ ಅನ್ನಿಸಿದ್ದು ಅದೇ.

ಕೆಲಸ ಶಾಲೆಯಲ್ಲೂ ಇದೆ. ಧಾರಾವಾಹಿಯಲ್ಲಿ ಪಾತ್ರ ಮುಗಿದರೆ ಆ ಹುಡುಗ ಅಥವಾ ಹುಡುಗಿ ಬರುವುದು ತರಗತಿಗೇ. ಆಗ ನಾವು “ಏನೋ ಹೀರೋ, ಓಡಿಸ್ಬಿಟ್ರಾ?” ಅಂತ ರೇಗಿಸಬಾರದು. ಪಾತ್ರದ ಹೆಸರು ಬಿಟ್ಟು ಅವರ ಸ್ವಂತ ಹೆಸರಿನಿಂದ ಕರೆಯೋಣ. ತಪ್ಪಿದ ಪಾಠದ ನೋಟ್ಸ್ ಕೊಡೋಣ. ಗುರುಗಳು ಬಿಟ್ಟುಹೋದ ಲೆಕ್ಕಗಳನ್ನು ಇನ್ನೊಂದು ಸಲ ಹೇಳಿಕೊಡಬೇಕು ಅಂತ ವಿನಂತಿ.

ಅವಕಾಶ ಸಿಕ್ಕರೆ ಖುಷಿಯಾಗಿ ನಟಿಸಲಿ. ಸಾಕು ಅನ್ನಿಸಿದರೆ ಖುಷಿಯಾಗಿಯೇ ಬಿಡಲಿ. ಸೋತು ಬಂದ ಅಂತ ಯಾರೂ ಅನ್ನಬೇಡಿ. ನಿಮ್ಮ ಅಭಿಪ್ರಾಯ ಬೇರೆ ಇದ್ದರೆ ಮುಂದಿನ ಸಂಚಿಕೆಗೆ ಖಂಡಿತ ಬರೆದು ಕೊಡಿ.

– 7ನೇ ತರಗತಿ ವಿದ್ಯಾರ್ಥಿ, ಉಲ್ಲಾಳ