ಫೋನಿಗೆ ನಮ್ಮೂರ ಮಾತೂ ತಿಳಿಯಲಿ

ಸುದ್ದಿಯನ್ನು ಈಗ ನಾವು ಟೈಪ್ ಮಾಡುವುದು ಕಡಿಮೆ. ಮೈಕ್ ಒತ್ತಿ ಹೇಳಿದರೆ ಫೋನೇ ಬರೆದುಕೊಳ್ಳುತ್ತದೆ. ಆದರೆ ‘ಮಳೆ ಬಂದಿದೆ’ ಎಂದರಷ್ಟೇ ಸರಿ. ‘ಮಳಿ ಬಂದೈತ್ರಿ’ ಎಂದರೆ ನಮ್ಮ ಫೋನು ತಡವರಿಸುತ್ತದೆ. ರೈತರು ಹೇಳಿದ್ದನ್ನು ನಾವು ಪುಸ್ತಕದ ಕನ್ನಡಕ್ಕೆ ತಿರುಗಿಸಿ ಹೇಳುತ್ತೇವೆ. ಓದು ಬಾರದ ಅಜ್ಜಿ ಏನು ಮಾಡಬೇಕು? ಮಾತು ಕೇಳುವ ಫೋನು ಮೊದಲು ಬೇಕಾದದ್ದೇ ಅವರಿಗೆ.

ಜನರ ಧ್ವನಿಯನ್ನೂ ಅದರ ಬರಹವನ್ನೂ ಜೋಡಿಸಿ ಯಂತ್ರಕ್ಕೆ ಕಲಿಸುತ್ತಾರೆ. ಕೇಳದ ಮಾತು ಅದಕ್ಕೆ ಬಾರದು. ಬೆಂಗಳೂರಿನ ಐಐಎಸ್‌ಸಿಯ ‘ವಾಣಿ’ ಯೋಜನೆಯಲ್ಲಿ ಚಿತ್ರ ತೋರಿಸಿ, ಜಿಲ್ಲೆ ಜಿಲ್ಲೆಯ ಜನರನ್ನು ಮಾತಾಡಿಸಿ ಧ್ವನಿ ಸಂಗ್ರಹಿಸುತ್ತಾರೆ. ಇದು ಸರಿಯಾದ ದಾರಿ.

ನಿಮ್ಮೂರಿಗೂ ಯಾರಾದರೂ ಧ್ವನಿ ಕೇಳಿಕೊಂಡು ಬಂದರೆ, ಅದು ಎಲ್ಲಿಗೆ ಹೋಗುತ್ತದೆ, ಯಾತಕ್ಕೆ ಎಂದು ಮೊದಲು ವಿಚಾರಿಸಿ. ಕೊಡುವುದಾದರೆ ಮನೆಯಲ್ಲಿ ಆಡುವ ಹಾಗೇ ಮಾತಾಡಿ. ಟಿವಿ ಕನ್ನಡ ಬೇಡ.